ತಲೆ ಯಾರದು, ಕೈ ಯಾರದು?



“ಕೈ ನಿಮ್ಮದಿರಬಹುದು, ತಲೆ ನಮ್ಮದು.” ಗಲ್ಲಾದ ಮೇಲೆ ಕುಳಿತವರ ಈ ಮಾತು ಕೇಳಿ ಕೇಳಿ ನಮ್ಮ ಕಿವಿ ತೂತು ಬಿದ್ದಿದೆ. ನಾವು ಹಿಂದೆ ಕೆಲಸಕ್ಕಿದ್ದ ಒಂದು ಹೋಟೆಲಿನಲ್ಲಿ, ರಾತ್ರಿ ಉಳಿದ ಇಡ್ಲಿಯನ್ನು ಹೆಚ್ಚಿ ಒಗ್ಗರಣೆಗೆ ಹಾಕಿದವನು ತಟ್ಟೆ ತೊಳೆಯುವ ಹುಡುಗ. ಮೂರನೇ ದಿನ ಅದು ಬೋರ್ಡಿಗೇರಿತು, ಧಣಿಗಳ ಹೆಸರಿನಲ್ಲಿ! ಹುಡುಗನಿಗೆ ಸಿಕ್ಕಿದ್ದು ಎಣ್ಣೆ ಹೆಚ್ಚು ಸುರಿದನೆಂಬ ಬೈಗುಳ.

ಇದು ಸಣ್ಣ ಸಂಗತಿ. ದೊಡ್ಡದನ್ನು ಕೇಳಿ. ನಾವು ದಿನವೂ ಗಿರಾಕಿಯ ಮುಂದಿಡುವ ವೆನಿಲ್ಲಾ ಐಸ್‌ಕ್ರೀಮಿನ ಹೆಸರು ಮೆಕ್ಸಿಕೋ ಕಡೆಯ ಒಂದು ಬಳ್ಳಿಯದು. (ಈಗ ಅದರಲ್ಲಿ ಹೆಚ್ಚಾಗಿ ಇರುವುದು ಕಾರ್ಖಾನೆಯ ವಾಸನೆ, ಆ ಮಾತು ಬೇರೆ.) ಬಳ್ಳಿಯನ್ನು ಬೇರೆ ದೇಶಗಳಿಗೆ ಒಯ್ದರು, ಹೂ ಬಿಟ್ಟಿತು, ಕಾಯಿ ಕಟ್ಟಲಿಲ್ಲ. 1836ರಲ್ಲಿ ಬೆಲ್ಜಿಯಮ್ಮಿನ ಪ್ರೊಫೆಸರ್ ಮೊರೆನ್ ಕೈಯಿಂದ ಕಾಯಿ ಕಟ್ಟಿಸಿದರು ನಿಜ, ಆದರೆ ಆ ರೀತಿ ತೋಟಕ್ಕೆ ಒಗ್ಗಲಿಲ್ಲ. ಒಗ್ಗುವ ರೀತಿ ಕಂಡವನು ಹಿಂದೂ ಮಹಾಸಾಗರದ ರಿಯೂನಿಯನ್ ದ್ವೀಪದ ಗುಲಾಮ ಹುಡುಗ ಎಡ್ಮಂಡ್. ವರ್ಷ 1841, ಅವನಿಗೆ 12 ವಯಸ್ಸು. ಒಂದು ಸಣ್ಣ ಕಡ್ಡಿಯಿಂದ ಹೂವಿನೊಳಗಿನ ಪೊರೆಯನ್ನು ಎತ್ತಿ, ಹೆಬ್ಬೆರಳಿನಿಂದ ಪರಾಗ ಒತ್ತಿದ. ಅಷ್ಟೇ! ಆ ದ್ವೀಪ ವೆನಿಲ್ಲಾದಲ್ಲಿ ಮೆಕ್ಸಿಕೋವನ್ನೇ ಹಿಂದೆ ಹಾಕಿತು.

ಆಗ ಎದ್ದರು ವಿದ್ವಾಂಸರು. ರಿಚರ್ಡ್ ಎಂಬ ಸಸ್ಯಶಾಸ್ತ್ರಿ, ಇದನ್ನು ದ್ವೀಪದವರಿಗೆ ಮೊದಲು ತೋರಿಸಿದವನು ತಾನೇ, ಹುಡುಗ ಕದ್ದು ನೋಡಿರಬೇಕು ಎಂದ. ಗುಲಾಮನ ತಲೆಯಲ್ಲಿ ಬುದ್ಧಿ ಇದ್ದೀತೆ? ಕದ್ದಿರಲೇಬೇಕು! ಒಡೆಯ ಬೆಲಿಯೆ-ಬ್ಯೂಮಾಂ ಮಾತ್ರ, ಕೀರ್ತಿ ಎಡ್ಮಂಡನದೇ ಎಂದು ಪಟ್ಟು ಹಿಡಿದು ಬರೆದ. ಬೇರೊಂದು ಹೂವಿಗೆ ಕೈಯಿಂದ ಪರಾಗ ಮುಟ್ಟಿಸುವುದನ್ನು ಹುಡುಗನಿಗೆ ಕಲಿಸಿದವನೂ ಆತನೇ; ಅದನ್ನು ನಾವು ಮರೆಮಾಚುವುದಿಲ್ಲ. ಕಲಿಸಿದವನಿಗೆ ಕಲಿಸಿದ ಗೌರವ, ಕಂಡವನಿಗೆ ಕಂಡ ಗೌರವ. ಆದರೆ ಹಣ? 1848ರಲ್ಲಿ ಬಿಡುಗಡೆಯಾದ ಎಡ್ಮಂಡ್ 1880ರಲ್ಲಿ ಬಡತನದಲ್ಲೇ ಸತ್ತ.

2003ರ ಸುಮಾರಿಗೆ ನಮ್ಮ ಘಟ್ಟದ ಮೇಲೂ ಕೆಳಗೂ ವೆನಿಲ್ಲಾದ ಹುಚ್ಚು ಹಿಡಿದಿತ್ತಲ್ಲ, ಆಗ ಬೆಳಗಾಗೆದ್ದು ಒಂದೊಂದೇ ಹೂವಿಗೆ ಕೈಯಿಟ್ಟ ನಮ್ಮ ತಾಯಂದಿರು ಮಾಡಿದ್ದು ಇದೇ ಎಡ್ಮಂಡನ ಕೆಲಸ. ಅವನ ಹೆಸರನ್ನು ಅವರಿಗೆ ಯಾರು ಹೇಳಿದ್ದರು?

ಈ ಸಲ ಪಗಾರದ ಮಾತಿಗೆ ಕೂತಾಗ ಇನ್ನೊಂದು ಕಲಮು ಸೇರಿಸುತ್ತೇವೆ. ಅಡುಗೆಮನೆಯಲ್ಲಿ ಹುಟ್ಟಿದ ಹೊಸ ತಿಂಡಿ ಬೋರ್ಡಿಗೇರಿದರೆ, ಹುಟ್ಟಿಸಿದವನ ಹೆಸರೂ ಬೋರ್ಡಿಗೇರಬೇಕು. ಮೊದಲ ತಿಂಗಳ ವ್ಯಾಪಾರದಲ್ಲಿ ಅವನಿಗೂ ಪಾಲು ಬರಬೇಕು. ಎಷ್ಟು ಪಾಲೆಂಬುದನ್ನು ಮುಂದಿನ ಸಭೆಯಲ್ಲಿ ನೀವೇ ಹೇಳಿ. ತೊಳೆಯುವ ಹುಡುಗರನ್ನೂ ಕರೆತನ್ನಿ.