ಚಿನ್ನದ ಊರಿನ ಚರಿತ್ರೆಯಲ್ಲಿ ಚಿನ್ನ ಅಗೆದವನೆಲ್ಲಿ?



ನಮ್ಮ ಸೀಮೆಗೆ ಚರಿತ್ರೆ ಇಲ್ಲ ಅಂತ ಯಾರೂ ಹೇಳೋ ಹಾಗಿಲ್ಲ. ಊರೂರ ಹೆಸರಲ್ಲೇ ಚರಿತ್ರೆ ಬರೆದಿಟ್ಟಿದ್ದಾರೆ. ಮೈಸೂರಿನ ಕಮಿಷನರ್ ಬೌರಿಂಗ್ ಹೆಸರಲ್ಲಿ ಬೌರಿಂಗ್‌ಪೇಟೆ. ಅದೇ ಇವತ್ತಿನ ಬಂಗಾರಪೇಟೆ. ರೆಸಿಡೆಂಟ್ ರಾಬರ್ಟ್‌ಸನ್ ಹೆಸರಲ್ಲಿ ರಾಬರ್ಟ್‌ಸನ್‌ಪೇಟೆ. ಗಣಿಯ ಪರವಾನಗಿ ಪಡೆದ ಲವೆಲ್ಲೆ ಹೆಸರಲ್ಲಿ ಬೆಂಗಳೂರಿನಲ್ಲಿ ಒಂದು ದೊಡ್ಡ ರಸ್ತೆ. ಹತ್ತು ಸಾವಿರ ಅಡಿ ಆಳಕ್ಕೆ ಇಳಿದು ಬಂಡೆ ಒಡೆದವನ ಹೆಸರಲ್ಲಿ ಏನಿದೆ? ಒಂದು ಬೀದಿ ಇದೆಯಾ? ಒಂದು ಬಸ್ ಸ್ಟಾಪ್ ಇದೆಯಾ?

ಈ ಪ್ರಶ್ನೆಯನ್ನ ಹೊಟ್ಟೆಕಿಚ್ಚಿಗೆ ಕೇಳ್ತಿಲ್ಲ. ಚರಿತ್ರೆಯಲ್ಲಿ ಹೆಸರಿಲ್ಲದವನಿಗೆ ಹಕ್ಕುಪತ್ರದಲ್ಲೂ ಹೆಸರಿರಲ್ಲ. ಅದಕ್ಕೇ ಕೇಳ್ತಿದೀವಿ.

ಅವರು ಹೇಳುವ ಕಥೆ ಹೀಗಿದೆ. 1802ರಲ್ಲಿ ಲೆಫ್ಟಿನೆಂಟ್ ವಾರನ್ ಸರ್ವೆಗೆ ಬಂದ, ಇಲ್ಲಿ ಚಿನ್ನ ಇದೆ ಅಂತ ಕಂಡುಹಿಡಿದ. 1871ರಲ್ಲಿ ಲವೆಲ್ಲೆ ಬಂದ, 1875ರಲ್ಲಿ ಗುತ್ತಿಗೆ ಪಡೆದ. 1880ರಲ್ಲಿ ಜಾನ್ ಟೇಲರ್ ಕಂಪನಿ ಬಂತು, ಯಂತ್ರ ತಂತು, ಚಿನ್ನ ತೆಗೀತು. 1894ರಲ್ಲಿ ಬೌರಿಂಗ್‌ಪೇಟೆಯಿಂದ ಮಾರಿಕುಪ್ಪಕ್ಕೆ ರೈಲು ಬಂತು. 1902ರಲ್ಲಿ ಶಿವನಸಮುದ್ರದಿಂದ ಕರೆಂಟ್ ಬಂತು. ಎಲ್ಲ 'ಬಂತು, ಬಂತು'. ಯಾರೂ ದುಡಿಯಲಿಲ್ಲ, ಯಾರೂ ಸಾಯಲಿಲ್ಲ. ಎಲ್ಲ ತಾನಾಗೇ ಬಂತು!

ವಾರನ್ ಕಂಡುಹಿಡಿದನೇ? ಅವನು ಮಾಡಿದ್ದು ಇಷ್ಟೇ: ಚಿನ್ನ ಸಿಗೋ ಜಾಗ ತೋರಿಸಿದವರಿಗೆ ಇನಾಮು ಕೊಡ್ತೀನಿ ಅಂದ. ಹಳ್ಳಿಯವರು ಮಣ್ಣು ಹೊತ್ತು ತಂದು, ಅವನ ಕಣ್ಣೆದುರೇ ತೊಳೆದು ಚಿನ್ನದ ಕಣ ತೋರಿಸಿದರು. ಮಾರಿಕುಪ್ಪದ ಕಡೆ ಬಡಜನ ಆಗಲೇ ಗುಂಡಿಗಿಳಿದು ಕಲ್ಲು ತೆಗೀತಿದ್ದರು, ಹೆಂಗಸರು ಕುಟ್ಟಿ ತೊಳೀತಿದ್ದರು. ತೋರಿಸಿದವನು ಅನಾಮಿಕ, ನೋಡಿದವನು ಸಂಶೋಧಕ! ಕೈಬೆರಳು ನಮ್ಮದು, ಉಂಗುರ ಅವರದ್ದು.

ಇನ್ನು ದುಡಿದವರ ವಿಚಾರ. ಉತ್ತರ ಆರ್ಕಾಟು, ಸೇಲಂ, ಚಿತ್ತೂರು ಸೀಮೆಗಳಿಂದ ಬರ, ಸಾಲ, ಜೀತ ತಪ್ಪಿಸಿಕೊಂಡು ಬಂದ ಆದಿದ್ರಾವಿಡರು, ಸುತ್ತಲ ಹಳ್ಳಿಗಳ ಹೊಲೆಮಾದಿಗರು ಗಣಿಗೆ ಇಳಿದರು. ಕೆಲವರು ಹೇಳ್ತಾರೆ, 'ಅವರು ಕಾರ್ಮಿಕರು, ಅಲ್ಲಿ ಜಾತಿ ಯಾಕೆ ತರ್ತೀರಿ?' ನಾವು ತಂದದ್ದಲ್ಲ ಸ್ವಾಮಿ. ಮೇಲೆ ಬಂಗಲೆಯಲ್ಲಿ ಬಿಳಿಯ ಸಾಹೇಬ, ಕ್ಲಬ್ಬು, ಹುಲ್ಲುಹಾಸು. ಅವನ ಕೆಳಗೆ ಆಂಗ್ಲೋ ಇಂಡಿಯನ್ ಮೇಲ್ವಿಚಾರಕ. ಗೇಟಿನಲ್ಲಿ ಪಂಜಾಬಿನಿಂದ ತಂದ ಕಾವಲುಗಾರ. ಆಫೀಸಿನಲ್ಲಿ ಲೆಕ್ಕ ಬರೆಯೋ ಮೇಲುಜಾತಿ ಗುಮಾಸ್ತ. ನೆಲದಡಿ, ಕತ್ತಲಲ್ಲಿ, ಬಂಡೆಯ ಕಾವು 60 ಡಿಗ್ರಿ ಮೀರಿದ ಕಡೆ ಯಾರು? ಊರಲ್ಲಿ ಕೇರಿ ಊರಾಚೆಗಿತ್ತು. ಗಣಿಯಲ್ಲಿ ಕೇರಿ ನೆಲದಡಿಗೆ ಹೋಯ್ತು, ಅಷ್ಟೇ ವ್ಯತ್ಯಾಸ.

ಬೆಂಗಳೂರಿಗೆ ಕರೆಂಟ್ ಬಂದದ್ದು 1905ರಲ್ಲಿ. ಅದಕ್ಕೂ ಮೂರು ವರ್ಷ ಮೊದಲೇ ನಮ್ಮ ಗಣಿಗೆ ಬಂತು ಅಂತ ಹೆಮ್ಮೆ ಪಡ್ತಾರೆ. ಸರಿ, ಆ ದೀಪ ಮೊದಲು ಉರಿದದ್ದು ಯಾರಿಗೆ? ಶಾಫ್ಟಿನ ಯಂತ್ರಕ್ಕೆ, ಸಾಹೇಬರ ಬಂಗಲೆಗೆ. ತಟ್ಟಿ ಗುಡಿಸಲಿನಲ್ಲಿ ಬುಡ್ಡಿದೀಪವೇ ಗತಿ.

ಚಿನ್ನ ಅಗೆದವನನ್ನೇ ಕಳ್ಳ ಮಾಡಿದರು. 1897ರಲ್ಲಿ ಮೈಸೂರು ಸರ್ಕಾರ ಗಣಿ ಕಾನೂನು ತಂತು. ಕೈಯಲ್ಲಿ ಚಿನ್ನದ ಪುಡಿ ಸಿಕ್ಕರೆ ಅದು ಹೇಗೆ ಬಂತು ಅಂತ ಅವನೇ ಜವಾಬು ಹೇಳಬೇಕು. ಹಡಗು ತುಂಬಿಸಿ ಲಂಡನ್ನಿಗೆ ಒಯ್ದದ್ದು ವ್ಯಾಪಾರ, ಉಗುರುಸಂದಿಯಲ್ಲಿ ಉಳಿದದ್ದು ಕಳ್ಳತನ! ಆಮೇಲೆ ಕಂಪನಿ ಎಲ್ಲರ ಬೆರಳಚ್ಚು ಕೊಡಿ ಅಂತು. 1930ರಲ್ಲಿ ಅದರ ವಿರುದ್ಧ ಗಣಿಯ ಜನ ಕೆಲಸ ಬಿಟ್ಟು ಎದ್ದು ನಿಂತರು. ಬರೀ ಕೂಲಿಗಾಗಿ ಅಲ್ಲ, ಮಾನಕ್ಕಾಗಿ. 'ನಾವು ಕಳ್ಳರಲ್ಲ' ಅನ್ನೋದಕ್ಕಾಗಿ. 1946ರ ನವೆಂಬರ್ 4ರಂದು ಪೊಲೀಸರ ಗುಂಡಿಗೆ ಆರು ಮಂದಿ ಕಾರ್ಮಿಕರು ಬಲಿಯಾದರು. ಜಾಲಿಯನ್‌ವಾಲಾಬಾಗ್ ಗೊತ್ತಿರೋ ನಮ್ಮ ಮಕ್ಕಳಿಗೆ, ಮನೆ ಪಕ್ಕದ ಈ ನವೆಂಬರ್ ನಾಲ್ಕು ಯಾರು ಹೇಳಿಕೊಟ್ಟರು?

ಗುಂಡಿಗೆ ಬಿದ್ದವರು ಆರು. ಧೂಳಿಗೆ ಬಿದ್ದವರ ಲೆಕ್ಕ ಯಾರಿಟ್ಟರು? ಡ್ರಿಲ್ ಹೊಡೆಯುವಾಗ ಏಳುವ ಕಲ್ಲುಪುಡಿ ಶ್ವಾಸಕೋಶದಲ್ಲಿ ಕೂತು ಕಲ್ಲಾಗುತ್ತೆ. ಅದಕ್ಕೆ ಸಿಲಿಕೋಸಿಸ್ ಅಂತಾರೆ. ಈ ದೇಶದಲ್ಲಿ ಆ ರೋಗ ಮೊದಲು ವರದಿಯಾದದ್ದೇ 1947ರಲ್ಲಿ, ನಮ್ಮ ಕೋಲಾರ ಗಣಿಯಿಂದ. 7,653 ಮಂದಿಯನ್ನ ಪರೀಕ್ಷೆ ಮಾಡಿದರೆ ನೂರಕ್ಕೆ ನಲವತ್ತಕ್ಕೂ ಹೆಚ್ಚು ಜನರಲ್ಲಿ ರೋಗ ಕಂಡಿತು. ಗಣಿ ಶುರುವಾಗಿ ಅರವತ್ತು ವರ್ಷ ದಾಟಿತ್ತು. ಅಷ್ಟು ದಿನ ಕೆಮ್ಮಿ ಕೆಮ್ಮಿ ಸತ್ತವರೆಲ್ಲ ಏನು ಕಾಯಿಲೆಯಲ್ಲಿ ಸತ್ತರು ಅಂತ ಬರೆದುಕೊಂಡಿದ್ದರೋ!

1956ರಲ್ಲಿ ಮೈಸೂರು ಸರ್ಕಾರ ಗಣಿಯನ್ನ ರಾಷ್ಟ್ರೀಕರಣ ಮಾಡಿತು. 1962ರಲ್ಲಿ ಕೇಂದ್ರಕ್ಕೆ ಹೋಯ್ತು. 1972ರಲ್ಲಿ ಭಾರತ್ ಗೋಲ್ಡ್ ಮೈನ್ಸ್ ಆಯ್ತು. ಸಾಹೇಬ ಹೋದ, ಆಫೀಸರ್ ಬಂದ. ಬಂಗಲೆ ಅದೇ, ಲೈನು ಮನೆ ಅದೇ. 2001ರ ಫೆಬ್ರವರಿ 28ಕ್ಕೆ ಬೀಗ ಬಿತ್ತು. ನೂರಿಪ್ಪತ್ತು ವರ್ಷದಲ್ಲಿ ಸುಮಾರು 800 ಟನ್ ಚಿನ್ನ ಕೊಟ್ಟ ಜನ ಬೆಳಗಿನ ರೈಲಿಗೆ ಜೋತುಬಿದ್ದು ಬೆಂಗಳೂರಿಗೆ ಕೂಲಿಗೆ ಹೋಗೋ ಹಾಗಾಯ್ತು.

ಇನ್ನೊಂದು ಮಾತು ಗಟ್ಟಿಯಾಗಿ ಹೇಳಬೇಕು. 'ಅವರು ತಮಿಳರು, ಕನ್ನಡನಾಡಿನ ಚರಿತ್ರೆಗೆ ಅವರೇನು ಸಂಬಂಧ?' ಅನ್ನೋರಿದ್ದಾರೆ. ಐದು ತಲೆಮಾರು ಈ ಮಣ್ಣಲ್ಲಿ ಹೂತವರು ಹೊರಗಿನವರು, ಐರ್ಲೆಂಡಿನಿಂದ ಬಂದ ಲವೆಲ್ಲೆ ಮಾತ್ರ ನಮ್ಮ ಚರಿತ್ರೆಯವನು! ಇದ್ಯಾವ ನ್ಯಾಯ? ಕನ್ನಡದ ಹೊಲೆಮಾದಿಗರೂ ತಮಿಳಿನ ಆದಿದ್ರಾವಿಡರೂ ಒಂದೇ ಕತ್ತಲಲ್ಲಿ ಬೆವರು ಸುರಿಸಿದವರು. ಭಾಷೆ ಹೆಸರಲ್ಲಿ ನಮ್ಮನ್ನ ಎರಡು ಮಾಡಿದರೆ ಲಾಭ ಯಾರಿಗೆ, ಯೋಚನೆ ಮಾಡಿ.

ಈ ಜನ ಬರೀ ಅಗೆದವರೂ ಅಲ್ಲ. ಬಾಬಾಸಾಹೇಬರು 1956ರಲ್ಲಿ ಧಮ್ಮದೀಕ್ಷೆ ತಗೊಳ್ಳೋಕೆ ದಶಕಗಳ ಮೊದಲೇ, ಪಂಡಿತ ಅಯೋತಿದಾಸರ ದಾರಿ ಹಿಡಿದು ಮಾರಿಕುಪ್ಪ, ಚಾಂಪಿಯನ್ ರೀಫ್‌ಗಳಲ್ಲಿ ಬೌದ್ಧ ಸಂಘ ಕಟ್ಟಿದವರು ಈ ಗಣಿಯವರು. ಅಯೋತಿದಾಸರು 1907ರಲ್ಲಿ ಮದರಾಸಿನಲ್ಲಿ ಶುರುಮಾಡಿದ 'ತಮಿಳನ್' ಪತ್ರಿಕೆಯನ್ನ 1926ರಿಂದ ಜಿ. ಅಪ್ಪಾದುರೈ ಇಲ್ಲಿಂದಲೇ ನಡೆಸಿದರು. ರಿಪಬ್ಲಿಕನ್ ಪಕ್ಷದ ಸಿ. ಎಂ. ಆರುಮುಗಂ ಅವರನ್ನ ವಿಧಾನಸಭೆಗೆ ಕಳಿಸಿದ ಊರು ಇದು. ಪತ್ರಿಕೆ, ಸಂಘ, ಮುಷ್ಕರ, ಓಟು, ಎಲ್ಲವನ್ನೂ ಕೈಯಾರೆ ಕಟ್ಟಿಕೊಂಡ ಜನ.

2018ರಲ್ಲೂ 2022ರಲ್ಲೂ ನಮ್ಮ ಊರಿನ ಹೆಸರಿಟ್ಟು ಸಿನಿಮಾ ಮಾಡಿದರು. ಕೋಟಿ ಕೋಟಿ ಬಾಚಿದರು. ಕಟ್ಟುಕಥೆ, ಇರಲಿ. ಆದರೆ ಅದರಲ್ಲಿ ಗಣಿಯ ಜನ ಬಾಯಿಲ್ಲದ ಗುಲಾಮರು, ಉದ್ಧಾರ ಮಾಡೋಕೆ ಒಬ್ಬ ಹೀರೋ ಬರಬೇಕು. 1930ರಲ್ಲಿ ಯಾವ ಹೀರೋ ಬಂದಿದ್ದ? 1946ರಲ್ಲಿ ಯಾರು ಬಂದಿದ್ದರು? ನಿಂತವರೂ ನಾವೇ, ಸತ್ತವರೂ ನಾವೇ.

ಈ ಮಾತು ಈಗ ಯಾಕೆ? 2024ರ ಜೂನ್‌ನಲ್ಲಿ ರಾಜ್ಯ ಸಂಪುಟ 13 ಸೈನೈಡ್ ದಿಬ್ಬಗಳ ಮಣ್ಣಿನಿಂದ ಮತ್ತೆ ಚಿನ್ನ ತೆಗೆಯೋ ಕೇಂದ್ರದ ಪ್ರಸ್ತಾವಕ್ಕೆ ಒಪ್ಪಿಗೆ ಕೊಟ್ಟಿದೆ. ಆ ದಿಬ್ಬ ಅಂದರೇನು? ನಮ್ಮ ಅಜ್ಜಂದಿರು ಕೆಳಗಿಂದ ಮೇಲಕ್ಕೆ ತಂದ ಬಂಡೆಯ ಪುಡಿ. ಗಾಳಿ ಎದ್ದಾಗಲೆಲ್ಲ ಅದರ ಧೂಳು ಕುಡಿದು ಬೆಳೆದವರು ನಮ್ಮ ಮಕ್ಕಳು. ಅದರಲ್ಲಿ ಚಿನ್ನ ಇದೆ ಅಂದಾಗ ಮತ್ತೆ ಕಂಪನಿ, ಮತ್ತೆ ಟೆಂಡರು. ನಮ್ಮ ಪಾಲಿಗೆ ಮತ್ತೆ ಧೂಳೇನಾ?

ಆದ್ದರಿಂದ ನಮ್ಮ ಒತ್ತಾಯ:

1. ಗಣಿಯಲ್ಲಿ ಸತ್ತವರ, ಗಾಯಗೊಂಡವರ, ಧೂಳುರೋಗಕ್ಕೆ ಬಲಿಯಾದವರ ದಾಖಲೆಗಳನ್ನ ಸರ್ಕಾರ ಹೊರಗಿಡಬೇಕು. ಹೆಸರು ಹೆಸರಾಗಿ ಪಟ್ಟಿ ಬರಬೇಕು.

2. ಲೈನು ಮನೆಗಳಲ್ಲಿ ಬದುಕುತ್ತಿರುವ ಗಣಿ ಕುಟುಂಬಗಳಿಗೆ ಆ ಮನೆ, ಆ ನೆಲ ಸ್ವಂತವಾಗಬೇಕು.

3. ದಿಬ್ಬದ ಕೆಲಸದಲ್ಲಿ ಮೊದಲ ಹಕ್ಕು ಗಣಿ ಮಕ್ಕಳದ್ದು. ಅಲ್ಲಿ ದುಡಿಯುವವರ ಎದೆ ಪರೀಕ್ಷೆ ಮೊದಲ ದಿನದಿಂದಲೇ ಆಗಬೇಕು.

4. 1930, 1946ರ ಹೋರಾಟಗಳು ಜಿಲ್ಲೆಯ ಶಾಲೆಗಳಲ್ಲಿ ಪಾಠವಾಗಬೇಕು.

ಸರ್ಕಾರ ಬರೆಯಲಿ ಅಂತ ಕಾಯುತ್ತಾ ಕೂರೋದು ಬೇಡ. ನಿಮ್ಮ ಮನೆಯ ಹಿರಿಯರನ್ನ ಕೂರಿಸಿ ಕೇಳಿ. ಯಾವ ಶಾಫ್ಟು, ಯಾವ ಪಾಳಿ, ಯಾರ ಜೊತೆ ಇಳಿದರು, ಯಾರು ಮೇಲೆ ಬರಲಿಲ್ಲ? ಕನ್ನಡ, ತಮಿಳು, ತೆಲುಗು, ಯಾವ ಭಾಷೆಯಾದರೂ ಸರಿ, ನೋಟ್‌ಬುಕ್ಕಿನಲ್ಲಿ ಬರೆದಿಡಿ. ಮುಂದಿನ ಸಭೆಗೆ ತನ್ನಿ. ಅಗೆಯೋದು ನಮಗೆ ಹೊಸದಲ್ಲ. ಇಷ್ಟು ದಿನ ಅವರಿಗಾಗಿ ಚಿನ್ನ ಅಗೆದೆವು, ಈಗ ನಮಗಾಗಿ ಚರಿತ್ರೆ ಅಗೆಯೋಣ.

ಜೈ ಭೀಮ್!