ಅಂತೆ-ಕಂತೆಗಳ ಉಗ್ರಾಣ



ನಮ್ಮ ಮನೆತನದ ವಂಶವೃಕ್ಷವನ್ನು ಕಂಪ್ಯೂಟರಿನಲ್ಲಿ ಸಿದ್ಧಪಡಿಸುತ್ತಿರುವ ನನ್ನ ಸೋದರಳಿಯ ಕಳೆದ ವಾರ ಫೋನು ಮಾಡಿ, "ಮಾವ, ನಿಮ್ಮ ಜನ್ಮದಿನ ಯಾವುದೆಂದು ಒಂದನ್ನೇ ಹೇಳಿಬಿಡಿ. ಮಿಕ್ಕ ಅಂತೆ-ಕಂತೆಗಳನ್ನೆಲ್ಲ ಅಳಿಸಿಬಿಡುತ್ತೇನೆ" ಎಂದ. ಅಳಿಸಕೂಡದು ಎಂದೆ. ಏಕೆಂದು ಕೇಳಿದ. ಈ ಬರಹ ಅವನಿಗೂ, ಅವನಂತೆಯೇ ಯೋಚಿಸುವ ನಿಮ್ಮಲ್ಲಿ ಹಲವರಿಗೂ ಉತ್ತರ.

ದಾಖಲೆಯ ಪ್ರಕಾರ ನಾನು ಹುಟ್ಟಿದ್ದು 1962ರ ಜೂನ್ 1ರಂದು. ನನ್ನ ತಲೆಮಾರಿನ ಹಳ್ಳಿಯ ಮಕ್ಕಳಲ್ಲಿ ಎಷ್ಟೋ ಮಂದಿ ಅದೇ ತಾರೀಖಿನವರೇ! ಶಾಲೆ ಆರಂಭವಾಗುತ್ತಿದ್ದುದು ಆ ಹೊತ್ತಿಗೆ. ಪ್ರವೇಶಕ್ಕೆ ವಯಸ್ಸು ಸರಿಹೊಂದುವಂತೆ ಮೇಷ್ಟ್ರೇ ಒಂದು ತಾರೀಖನ್ನು ದಯಪಾಲಿಸುತ್ತಿದ್ದರು. ತಲೆಯ ಮೇಲಿನಿಂದ ಬಲಗೈ ಹಾಕಿ ಎಡಗಿವಿಯನ್ನು ಮುಟ್ಟಬೇಕೆಂಬುದು ಆಗಿನ ಪರೀಕ್ಷೆ. ನನ್ನ ಕೈ ಎಟುಕಲಿಲ್ಲವಂತೆ. ಮೇಷ್ಟ್ರು ನನ್ನ ತಲೆಯನ್ನು ಕೊಂಚ ಬಾಗಿಸಿದರಂತೆ. ಆ ಬಾಗಿದ ತಲೆಯ ಆಧಾರದ ಮೇಲೆಯೇ ನಾನು 2022ರ ಮೇ 31ರಂದು ನಿವೃತ್ತನಾದೆ.

ನನ್ನ ತಾಯಿಯವರು ಹೇಳುತ್ತಿದ್ದುದು ಬೇರೆ. 1964ರ ಮೇ ತಿಂಗಳಲ್ಲಿ ನೆಹರೂ ತೀರಿಕೊಂಡ ಸುದ್ದಿ ಬಂದಾಗ ನಾನು ಅಂಬೆಗಾಲಿಡುತ್ತಿದ್ದೆನಂತೆ. ಸೋದರತ್ತೆಯವರ ವಾದ ಇನ್ನೂ ಬೇರೆ: ಆಗ ನಾನಿನ್ನೂ ಹೊಟ್ಟೆಯಲ್ಲಿದ್ದೆನಂತೆ. ಈ ಮೂವರಲ್ಲಿ ನನ್ನ ಹುಟ್ಟನ್ನು ಕಂಡವರು ಇಬ್ಬರು ಹೆಂಗಸರು. ಲೋಕ ನಂಬಿದ್ದು ಕಾಣದ ಮೇಷ್ಟ್ರನ್ನು.

ದಾಖಲೆಗಳೇ ಬೇಡವೆಂದು ನಾನು ಹೇಳುತ್ತಿಲ್ಲ. ಹೊಲದ ಗಡಿಗೆ, ಸಾಲದ ಲೆಕ್ಕಕ್ಕೆ ಕಾಗದ ಬೇಕೇ ಬೇಕು. ಜನನ ನೋಂದಣಿಗೆ 1969ರಲ್ಲಿಯೇ ಕಾಯಿದೆ ಬಂದದ್ದು ಒಳ್ಳೆಯದೇ ಆಯಿತು. ನನ್ನ ಜಗಳವಿರುವುದು ಕಾಗದದಲ್ಲಿ ಇಲ್ಲದ್ದೆಲ್ಲ ಸುಳ್ಳೆಂಬ ಅಹಂಕಾರದೊಡನೆ. ಕಾಗದವೂ ಒಂದು ದಿನ, ಒಬ್ಬರ ಕೈ ಬರೆದಿಟ್ಟ ಮಾತು ತಾನೆ?

ಆದುದರಿಂದ ನಾನೊಂದು ಉಗ್ರಾಣವನ್ನು ಕಲ್ಪಿಸಿಕೊಂಡಿದ್ದೇನೆ. ಅಲ್ಲಿ ಖಚಿತವಲ್ಲದ ಕಥೆಗಳಿಗೂ ನೆನಪುಗಳಿಗೂ ಜಾಗವಿದೆ. ತಾಯಿಯ ಮಾತಿನ ಪಕ್ಕದಲ್ಲಿಯೇ ಅತ್ತೆಯ ಮಾತು. ಒಂದೊಂದರ ಮೇಲೂ ಹೇಳಿದವರ ಹೆಸರು. ಹೇಳಿದವರೇ ಮರುವರ್ಷ ಬೇರೆ ರೀತಿ ಹೇಳಿದರೆ ಹಳೆಯದನ್ನು ಹರಿಯದೆ ಹೊಸದನ್ನು ಅದರ ಜೊತೆಗಿರಿಸುವುದು. ಅದರ ಸಾಮಾನು ದಿನದಿನವೂ ಸ್ಥಳ ಬದಲಿಸುತ್ತದೆ. ಬದಲಿಸಲಿ!

ಇದು ಮುದುಕನ ಹುಚ್ಚೆನ್ನುವಿರೇ? ಪುಣೆಯ ಭಂಡಾರಕರ ಸಂಸ್ಥೆಯ ವಿದ್ವಾಂಸರು 1919ರಲ್ಲಿ ತೊಡಗಿ 1966ರಲ್ಲಿ ಮುಗಿಸಿದ ಮಹಾಭಾರತದ ಪರಿಷ್ಕರಣವನ್ನು ನೋಡಿ. ಒಂದು ಪಾಠವನ್ನು ಮೇಲೆ ಅಚ್ಚು ಮಾಡಿದರು, ನಿಜ. ಆದರೆ ಪಾಠಾಂತರಗಳನ್ನು ಅಳಿಸಲಿಲ್ಲ; ಪುಟದ ಕೆಳಗೆ ಜೋಪಾನ ಮಾಡಿದರು. ಮಹಾಭಾರತಕ್ಕೆ ಸಲ್ಲುವ ಮರ್ಯಾದೆ ನಮ್ಮ ಅಜ್ಜಿಯರಿಗೆ ಸಲ್ಲಬಾರದೇಕೆ?

"ಹಾಗಾದರೆ ಗಾಳಿಸುದ್ದಿಯನ್ನೂ ನಂಬಬೇಕೇ?" ಎಂದು ಕೇಳುವಿರಿ. ಕೂಡದು. ಕನ್ನಡ ಮೇಷ್ಟ್ರಾಗಿ ಹೇಳುತ್ತೇನೆ: 'ಅಂತೆ' ಎಂಬುದು ನಮ್ಮ ಭಾಷೆಯ ಅತ್ಯಂತ ಪ್ರಾಮಾಣಿಕವಾದ ಪದ. ಇದನ್ನು ನಾನು ಕಂಡಿಲ್ಲ, ಕೇಳಿದ್ದೇನೆ ಎಂದು ಅದು ಎರಡೇ ಅಕ್ಷರಗಳಲ್ಲಿ ಒಪ್ಪಿಕೊಳ್ಳುತ್ತದೆ. ಸುಳ್ಳು ಹುಟ್ಟುವುದು ಆ 'ಅಂತೆ'ಯನ್ನು ಕಿತ್ತೆಸೆದಾಗ. ಈಗ ಮೊಬೈಲಿನಲ್ಲಿ ನೀವು ಮುಂದಕ್ಕೆ ದಾಟಿಸುವ ಸುದ್ದಿಗಳಲ್ಲಿ ಎಷ್ಟರಲ್ಲಿ 'ಅಂತೆ' ಉಳಿದಿದೆ, ಎಣಿಸಿ ನೋಡಿ.

ಇಷ್ಟು ಬಿಸಿಯಾಗಿ ಬರೆಯಲು ಕಾರಣವೊಂದಿದೆ. ಬಹಳ ವರ್ಷಗಳ ಹಿಂದೆ, ಹತ್ತನೆಯ ತರಗತಿಯ ಪರೀಕ್ಷಾ ಅರ್ಜಿಗಳನ್ನು ತುಂಬಿಸುತ್ತಿದ್ದಾಗ ಒಬ್ಬ ವಿದ್ಯಾರ್ಥಿಯ ಅಜ್ಜಿ ಬಂದರು. ತಾಯಿಯಿಲ್ಲದ ಹುಡುಗ. "ಇವ ಹುಟ್ಟಿದ್ದು ಜೂನಿನಾಗಲ್ಲ ಸ್ವಾಮಿ, ರಾಗಿ ಕೊಯ್ಲಿನಾಗೆ" ಎಂದು ಆಕೆ ಏನೇನೋ ಹೇಳತೊಡಗಿದರು. "ಅಜ್ಜಿ, ರಾಗಿ ಕೊಯ್ಲು ಬೇಡ, ತಾರೀಖು ಇದ್ದರೆ ಹೇಳಿ" ಎಂದೆ ನಾನು. ಹುಡುಗರು ನಕ್ಕರು. ಆಕೆ ಸುಮ್ಮನಾದರು.

ಮೊನ್ನೆ ಆ ವಿದ್ಯಾರ್ಥಿ ಮಗಳೊಡನೆ ಮನೆಗೆ ಬಂದಿದ್ದ. "ಅಜ್ಜಿ ಹೋಗಿ ಬಹಳ ಕಾಲವಾಯಿತು ಸಾರ್. ಅವತ್ತು ಏನು ಹೇಳಿದರು, ನಿಮಗೆ ನೆನಪಿದೆಯೇ?" ಎಂದು ಕೇಳಿದ. ಅರ್ಜಿಯಲ್ಲಿ ಜೂನ್ 1 ಎಂದೇ ಬರೆಯಬೇಕಾಗಿತ್ತು, ಅದರಲ್ಲಿ ತಪ್ಪಿಲ್ಲ. ಆದರೆ ಆಕೆಯ ಮಾತನ್ನು ಒಂದು ಚೀಟಿಯಲ್ಲಿ ಗುರುತು ಹಾಕಿ ಹುಡುಗನ ಕೈಗೆ ಕೊಡಬಹುದಿತ್ತಲ್ಲ! ನನಗೆ ಉಳಿದಿರುವುದು ರಾಗಿ ಕೊಯ್ಲೊಂದೇ. ಅಷ್ಟನ್ನೇ ಹೇಳಿದೆ. ಅವನು ಮಗಳ ಕಡೆ ತಿರುಗಿ, "ನಾನು ರಾಗಿ ಕೊಯ್ಲಿನಲ್ಲಿ ಹುಟ್ಟಿದ್ದಂತೆ ಕಣಮ್ಮ" ಎಂದ.

ಆದುದರಿಂದ ಅಳಿಯಂದಿರೇ, ನನ್ನ ಹೆಸರಿನ ಮುಂದೆ ಮೂರನ್ನೂ ಬರೆಯತಕ್ಕದ್ದು. ಮಿಕ್ಕವರೂ ಈ ಭಾನುವಾರ ಮನೆಯ ಹಿರಿಯರ ಬಳಿ ಕುಳಿತು ಅವರು ಹೇಳಿದ್ದನ್ನು ಬರೆದುಕೊಳ್ಳಿ. 'ಅಂತೆ'ಯನ್ನು ಮಾತ್ರ ಬಿಡಬೇಡಿ.