ಗುಡ್ಡದ ಕೇಸಿನಲ್ಲಿ ಹೊಲದವನ ಹೆಸರೆಲ್ಲಿ?



ನಿಮ್ಮೂರ ಮೇಲಿನ ಕಾಡುಗುಡ್ಡ ಅಗೆಯುವ ವಿಚಾರ ಕೋರ್ಟಿಗೆ ಹೋಗಿದೆ ಅನ್ನಿ. ಅರ್ಜಿದಾರ ಯಾರು? ಗಣಿ ಕಂಪನಿ. ಎದುರುದಾರ ಯಾರು? ಸರ್ಕಾರ. ಒಬ್ಬರಿಗೆ ಅದಿರು ಬೇಕು, ಇನ್ನೊಬ್ಬರಿಗೆ ರಾಜಧನ ಬೇಕು. ಗುಡ್ಡದ ನೀರು ಇಳಿಯುವ ಕೆರೆ, ಕೆರೆ ಕೆಳಗಿನ ಗದ್ದೆ, ಆ ಗದ್ದೆಯ ಮೇಲೆ ಸೊಸೈಟಿಯಲ್ಲಿ ಎತ್ತಿದ ಸಾಲ, ಇವು ಯಾವುವೂ ಆ ಫೈಲಿನಲ್ಲಿ ಇರುವುದಿಲ್ಲ. ತೀರ್ಪಾದ ಮೇಲೆ ಮಳೆಗಾಲದ ಕೆಮ್ಮಣ್ಣು ಇಳಿಯೋದು ಮಾತ್ರ ನಿಮ್ಮ ಗದ್ದೆಗೇ. ಹೂಳು ತುಂಬಿದ ಕೆರೆ ತೋರಿಸಿದರೆ ಬ್ಯಾಂಕಿನವರು ಬಡ್ಡಿ ಬಿಡುತ್ತಾರೆಯೇ? ಧೂಳು ಕೂತ ಮೆಣಸಿನಕಾಯಿಗೆ ದಲಾಲಿ ಪೂರ್ತಿ ರೇಟು ಕೊಡುತ್ತಾನೆಯೇ?

"ನಮ್ಮ ಪರವಾಗಿ ಸರ್ಕಾರಿ ವಕೀಲರು ಇದ್ದಾರಲ್ಲ" ಅನ್ನುವವರು ನಮ್ಮಲ್ಲೇ ಇದ್ದಾರೆ. ಸ್ವಾಮಿ, ಅವರು ಇರೋದು ಸರ್ಕಾರದ ಪರ. ಗುತ್ತಿಗೆ ಕೊಟ್ಟವರೂ ಇದೇ ಸರ್ಕಾರದವರಲ್ಲವೇ?

ಕಾನೂನು ನಿಮಗೆ ಬಾಗಿಲು ಮುಚ್ಚಿಲ್ಲ. 1908ರ ಸಿವಿಲ್ ಪ್ರಕ್ರಿಯಾ ಸಂಹಿತೆಯ 1ನೇ ಆದೇಶದ 10ನೇ ನಿಯಮ ನೋಡಿ. ಯಾರಿಲ್ಲದೆ ವ್ಯಾಜ್ಯ ಪೂರ್ತಿಯಾಗಿ ಇತ್ಯರ್ಥವಾಗದೋ ಅಂಥವರನ್ನು ಯಾವ ಹಂತದಲ್ಲಾದರೂ ಕೋರ್ಟು ಪಕ್ಷಗಾರರನ್ನಾಗಿ ಸೇರಿಸಬಹುದು. ಇದು ದಾವೆಗೆ ಬರೆದ ನಿಯಮ. ರಿಟ್ ಅರ್ಜಿಗಳಲ್ಲೂ ನ್ಯಾಯಾಲಯಗಳು ಇದೇ ತತ್ವ ನೋಡುತ್ತವೆ. ಪಕ್ಷಗಾರನಾಗಿ ಸೇರಿದವನಿಗೆ ಕಾಗದಪತ್ರದ ನಕಲು ಸಿಗುತ್ತದೆ, ಅವನು ಆಕ್ಷೇಪಣೆ ಹಾಕಬಹುದು, ತೀರ್ಪಿನ ಮೇಲೆ ಮೇಲ್ಮನವಿ ಹೋಗಬಹುದು. ಹೊರಗೆ ಉಳಿದವನು ಮೇಲ್ಮನವಿಗೆ ಮೊದಲು ಕೋರ್ಟಿನ ಅನುಮತಿ ಬೇಡಿಕೊಂಡು ನಿಲ್ಲಬೇಕು.

ಹೀಗೆ ನಡುವೆ ಬಂದು ಏನಾಗುತ್ತದೆ ಅಂತೀರಾ? ಕುದುರೆಮುಖ ನೋಡಿ. ಗೋದವರ್ಮನ್ ಪ್ರಕರಣ 1995ರಲ್ಲಿ ಶುರುವಾದದ್ದು ತಮಿಳುನಾಡಿನ ಗೂಡಲೂರು ಕಡೆಯ ಮರ ಕಡಿತದ ಮೇಲೆ; ಕುದುರೆಮುಖದ ಹೆಸರೇ ಅದರಲ್ಲಿರಲಿಲ್ಲ. ನಿವೃತ್ತ ರೇಂಜರ್ ಕೆ.ಎಂ. ಚಿಣ್ಣಪ್ಪನವರು ಅದೇ ಪ್ರಕರಣದೊಳಗೆ ಒಂದು ಮಧ್ಯಂತರ ಅರ್ಜಿ ಹಾಕಿದರು. ಎದುರಿಗಿದ್ದದ್ದು ಕೇಂದ್ರ ಸರ್ಕಾರದ್ದೇ ಕಂಪನಿ. 30 ಅಕ್ಟೋಬರ್ 2002ರಂದು ಸುಪ್ರೀಂ ಕೋರ್ಟು, 2005ರ ಕೊನೆಗೆ ಗಣಿ ಮುಚ್ಚಬೇಕು ಅಂತ ಹೇಳಿತು, ಮುಚ್ಚಿತು. ಭದ್ರೆಗೆ ಇಳಿಯುತ್ತಿದ್ದ ಹೂಳು ಆ ವಾದದಲ್ಲಿ ದೊಡ್ಡ ಮಾತಾಗಿತ್ತು. ಭದ್ರಾ ನಾಲೆಯ ನೀರು ಕುಡಿದು ಬೆಳೆಯುವ ಗದ್ದೆಗಳು ನಮ್ಮವು, ಆದರೆ ಅರ್ಜಿ ಹಾಕಿದ್ದು ಒಬ್ಬ ಅರಣ್ಯದವರು. ಅವರಿಗೆ ಕೈ ಮುಗಿಯೋಣ, ನಾಚಿಕೆಯನ್ನೂ ಪಡೋಣ.

ಬಳ್ಳಾರಿಯಲ್ಲಿ ಈ ಬಾಗಿಲು ಯಾರಿಗೆ ಉಪಯೋಗಕ್ಕೆ ಬಂತು? ಸಮಾಜ ಪರಿವರ್ತನ ಸಮುದಾಯ 2009ರಲ್ಲಿ ಹೂಡಿದ ಕೇಸಿನಲ್ಲಿ ಗಣಿ ಮಾಲೀಕರ ಒಕ್ಕೂಟ, ಉಕ್ಕಿನ ಕಾರ್ಖಾನೆಯವರು ಅರ್ಜಿ ಹಿಡಿದು ಒಳಬಂದರು. 18 ಏಪ್ರಿಲ್ 2013ರ ತೀರ್ಪಿನಲ್ಲಿ "ಸಿ" ವರ್ಗದ ಗುತ್ತಿಗೆಗಳು ರದ್ದಾದವು, ನಿಜ. ಆದರೆ ಗಣಿಯವರು ಅರ್ಜಿ ಹಾಕುವುದನ್ನು ಬಿಡಲಿಲ್ಲ. ಮೇ 2022ರಲ್ಲಿ ಅದಿರು ರಫ್ತಿಗೆ ಅನುಮತಿ ಸಿಕ್ಕಿತು. ಆಗಸ್ಟ್ 2022ರಲ್ಲಿ ಬಳ್ಳಾರಿಯ ವಾರ್ಷಿಕ ಮಿತಿ 280 ಲಕ್ಷ ಟನ್ನಿನಿಂದ 350 ಲಕ್ಷಕ್ಕೆ, ಚಿತ್ರದುರ್ಗ-ತುಮಕೂರಿನದು 70ರಿಂದ 150 ಲಕ್ಷಕ್ಕೆ ಏರಿತು. ಕೇಳಿದವರ ಮಾತು ಕೋರ್ಟಿನ ಕಿವಿಗೆ ಬಿತ್ತು. ಹೊಲದಲ್ಲಿ ನಿಂತು ಬೈದರೆ ಬೀಳೋದಿಲ್ಲ.

ನೀವು ಅರ್ಜಿ ಹಾಕಿದ ದಿನ ಕಂಪನಿಯ ವಕೀಲರು ಎದ್ದು, "ಕರಾರು ನಮ್ಮದು, ಸರ್ಕಾರದ್ದು, ಇವರ್ಯಾರು ಮೂರನೆಯವರು?" ಅಂತಾರೆ. ಕೇಸು ಎಳೆಯುತ್ತದೆ ಅಂತಲೂ ಅಂತಾರೆ. (ವಾಯಿದೆ ಕೇಳುವುದರಲ್ಲಿ ಪಳಗಿದವರ ಬಾಯಲ್ಲೇ ಈ ಮಾತು!) ಇದಕ್ಕೆ ಭಾಷಣ ಉತ್ತರವಲ್ಲ. "ರೈತರಿಗೆ ಅನ್ಯಾಯವಾಗಿದೆ" ಅಂತ ಮಾತ್ರ ಬರೆದ ಅರ್ಜಿ ಬಿದ್ದುಹೋಗುತ್ತದೆ, ಬೀಳಲೇಬೇಕು. ನಿಮ್ಮ ಸರ್ವೆ ನಂಬರು ಎಲ್ಲಿದೆ, ಗಣಿಯ ಹಳ್ಳ ಅದಕ್ಕೆ ಹೇಗೆ ಬಂದು ಸೇರುತ್ತದೆ, ನಷ್ಟ ಎಷ್ಟು ಅನ್ನೋದನ್ನು ತೋರಿಸಬೇಕು. ಇನ್ನೊಂದು ಎಚ್ಚರ. ಗಣಿ ಲಾರಿಯ ಬಾಡಿಗೆ ತಿನ್ನುವವರೂ ರಾತ್ರೋರಾತ್ರಿ "ರೈತರ ಸಂಘ" ಕಟ್ಟಿಕೊಂಡು ಗಣಿ ಬೇಕು ಅಂತ ಅದೇ ಬಾಗಿಲಲ್ಲಿ ನುಗ್ಗಬಹುದು. ಅವರ ಪಹಣಿ ಕೇಳಿ.

ಆದ್ದರಿಂದ ಈಗಲೇ ಕಾಗದ ಕೂಡಿಡಿ. ಪಹಣಿ, ಗ್ರಾಮ ನಕಾಶೆ, ಬೆಳೆ ಹಾಳಾದ ದಿನವೇ ಗ್ರಾಮ ಲೆಕ್ಕಿಗರಿಂದ (ಈಗ ಗ್ರಾಮ ಆಡಳಿತಾಧಿಕಾರಿ ಅಂತಾರೆ, ಕೆಲಸ ಅದೇ) ಮಾಡಿಸಿದ ಮಹಜರು, ಸೊಸೈಟಿಯ ಸಾಲದ ಪುಸ್ತಕ, ಎಪಿಎಂಸಿಯಲ್ಲಿ ಧೂಳಿನ ನೆಪ ಹೇಳಿ ರೇಟು ಮುರಿದ ಚೀಟಿ. ವಕೀಲರ ಫೀಜನ್ನು ಎಕರೆಗಿಷ್ಟು ಅಂತ ಊರೊಟ್ಟಿನಲ್ಲಿ ಎತ್ತಿ, ರಸೀದಿ ಬರೆಯಿರಿ. ಗಣಿಗೆ ಅರಣ್ಯ ಅನುಮತಿಯ ಆದೇಶ ಹೊಸದಾಗಿ ಹೊರಬಿದ್ದಿದ್ದರೆ ಹಸಿರು ನ್ಯಾಯಮಂಡಳಿಗೆ ಮೇಲ್ಮನವಿ ಹೋಗಲು 30 ದಿನ ಇದೆ. ತಡಕ್ಕೆ ಸರಿಯಾದ ಕಾರಣ ತೋರಿಸಿದರೆ ಇನ್ನು 60 ದಿನದವರೆಗೆ. ಅದು ಕಳೆದರೆ ಆ ದಾರಿ ಮುಚ್ಚಿತು. ನಿಮ್ಮೂರ ಗುಡ್ಡದ ಆದೇಶ ಯಾವ ತಾರೀಕಿನದು ಅಂತ ಈ ವಾರವೇ ಹೋಗಿ ವಿಚಾರಿಸಿ.